ಅಮೆರಿಕದ ಸೋದರಮಾವ

ಅವ್ವ ತೀರಿಹೋದ ಮೇಲೆ ಅವಳ ತಮ್ಮ ನನ್ನನ್ನು ಕೊಪ್ಪಳದ ಕಡೆಯ ನಮ್ಮ ಹಳ್ಳಿಯಿಂದ ಪೀಣ್ಯಕ್ಕೆ ಕರೆತಂದ. ಅಪ್ಪ ಅವಳಿಗಿಂತ ಮೊದಲೇ ಹೋಗಿದ್ದ. ಊರಲ್ಲಿ ಆಯಿ, ಅಂದರೆ ಅವ್ವನ ಅವ್ವ ಇದ್ದಳು. ಅವಳಿಗೆ ನಾನು ಸಾಗಹಾಕಬೇಕಾದ ಹೆಣ್ಣುಕೂಸು, ಅಷ್ಟೆ. ನನ್ನವನು ಅಂತ ಉಳಿದದ್ದು ಮಾಮಾ ಒಬ್ಬನೇ. ಅವನು ಲೇತ್ ಮಷೀನಿನ ಕೆಲಸಕ್ಕೆ ಹೋಗುತ್ತಿದ್ದ. ಇದ್ದ ಒಂದೇ ಕೋಣೆಗೆ ಅವ್ವನ ಹಳೆಯ ಸೀರೆಯನ್ನು ಪರದೆಯಾಗಿ ಕಟ್ಟಿಕೊಟ್ಟ. ಅದರ ಆಚೆ ಕೂತು ನಾನು ಪಿಯುಸಿ ಓದಿದೆ.

ಇಂಗ್ಲಿಷ್ ಸುಧಾರಿಸಲಿ ಎಂದು ಮೊಬೈಲಿನಲ್ಲಿ ಹುಡುಕಿದಾಗ ಆ ಅಮೆರಿಕದ ಹಾಸ್ಯ ಧಾರಾವಾಹಿ ಸಿಕ್ಕಿತು. ತಾಯಿಯಿಲ್ಲದ ಹುಡುಗಿ, ಅವಳನ್ನು ಸಾಕಲು ಬಂದ ತಾಯಿಯ ತಮ್ಮ. ಅವನಿಗೆ ಮೊಟ್ಟೆ ಬೇಯಿಸಲೂ ಬರದು. ಭಾನುವಾರ ಊಟವಾದ ಮೇಲೆ ಮೊಬೈಲನ್ನು ಸ್ಟೀಲ್ ಡಬ್ಬಿಗೆ ಒರಗಿಸಿ ನೋಡುತ್ತಿದ್ದೆವು. ಮಾಮಾನಿಗೆ ಇಂಗ್ಲಿಷ್ ತಿಳಿಯದು. ನಾನು ಬಿಡಿಸಿ ಹೇಳುವಷ್ಟರಲ್ಲಿ ಧಾರಾವಾಹಿಯ ಕಾಣದ ಜನ ನಕ್ಕು ಮುಗಿಸಿರುತ್ತಿದ್ದರು. ಅವನೊಬ್ಬ ತಡವಾಗಿ ನಗುತ್ತಿದ್ದ.

"ಈ ಮಗಾ ನನಗಿಂತಾ ದಡ್ಡ ಅದಾನ ನೋಡು," ಅನ್ನುತ್ತಿದ್ದ.

ಅಲ್ಲಿಯವರಿಗೆ ಅದು ಹಿಡಿಸಲಿಲ್ಲವಂತೆ, ವರ್ಷ ತುಂಬುವ ಮೊದಲೇ ನಿಲ್ಲಿಸಿಬಿಟ್ಟಿದ್ದರು. ನಮಗೇನು ನಷ್ಟ, ಮತ್ತೆ ಮೊದಲಿಂದ ನೋಡಿದೆವು.

ಕಣ್ಣು ತೋರಿಸಿಕೊಳ್ಳಲು ಬಂದ ಆಯಿಯೂ ಒಂದು ಭಾನುವಾರ ನಮ್ಮ ಜೊತೆ ಕೂತಳು. ಬಹಳ ಹೊತ್ತು ಸುಮ್ಮನೆ ನೋಡಿ ಕೇಳಿದಳು: "ಇವರಿಬ್ಬರ ಲಗ್ನ ಯಾವಾಗ?"

"ಅಂವ ಅಕಿ ಮಾಮಾ, ಆಯಿ," ಅಂದೆ.

"ಅದಕ್ಕ ಕೇಳಾಕತ್ತೀನಿ."

ನನಗೆ ನಗು ತಡೆಯಲಾಗಲಿಲ್ಲ. ಮಾಮಾ ನಗಲಿಲ್ಲ. ನಮ್ಮ ಕಡೆ ಅಕ್ಕನ ಮಗಳ ಮೇಲೆ ಮೊದಲ ಹಕ್ಕು ಸೋದರಮಾವನದು. ಅವನು ಬೇಡವೆಂದ ಮೇಲೆ ಹೊರಗಿನ ಗಂಡು. ಇದು ನನಗೆ ಗೊತ್ತಿಲ್ಲದ್ದೇನಲ್ಲ. ಪೀಣ್ಯಕ್ಕೆ ಬಂದು ಮರೆತಿದ್ದೆ.

"ಯುಗಾದಿಗೆ ಇಕಿಗೆ ಹದಿನೆಂಟು ತುಂಬತಾವ. ತಾಳಿ ಕಟ್ಟು," ಎಂದು ಆಯಿ ಮಾಮಾನಿಗೆ ಹೇಳಿದಳು. "ಇಲ್ಲಂದ್ರ ಒಂದ ಖೋಲ್ಯಾಗ ಹೆಂಗ ಇರ್ತೀರಿ? ಮಂದಿ ಬಾಯಿ ಮುಚ್ಚಾಕ ಆಗತೈತೇನು?"

"ಅಕಿ ನನ್ನ ಮಗಳಿದ್ದಂಗ, ಯವ್ವಾ."

"ಇದ್ದಂಗ. ಮಗಳಲ್ಲಲ್ಲ."

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಆಯಿ ಊರಿಗೆ ಹೊರಟ ದಿನ ಮಾಮಾ ಕೆಲಸದಿಂದ ಬಂದು ಚಹಾ ಕೇಳಿದ. ಲೋಟ ಕೊಡುವಾಗ ನನ್ನ ಕೈ ತಾನಾಗಿಯೇ ವೇಲ್ ಸರಿಮಾಡಿಕೊಂಡಿತು. ಅಪ್ಪನ ಹಾಗಿದ್ದವನ ಎದುರು ಅದೇ ಮೊದಲು. ಅವನು ಅದನ್ನು ಕಂಡ, ಚಹಾ ಕುಡಿಯದೆ ಹೊರಗೆ ಹೋದ. ಮರುವಾರ ಜಾಲಹಳ್ಳಿಯ ಲೇಡೀಸ್ ಹಾಸ್ಟೆಲಿನಲ್ಲಿ ನನ್ನ ಟ್ರಂಕು ಇಳಿಸಿ, "ಓದು," ಎಂದಷ್ಟೇ ಹೇಳಿ ಹೋದ. ಆಯಿ ಈಗಿಲ್ಲ. ಸತ್ತವರ ಮೇಲೆ ಸಿಟ್ಟು ಇಟ್ಟುಕೊಳ್ಳಬಾರದಂತೆ. ಅವಳ ಮೇಲೆ ನನಗಿದೆ, ಇರಲಿ.

ಹೆಣ್ಣು ನೋಡಲು ಹೋದ ಮನೆಯಲ್ಲೆಲ್ಲ ಅವನಿಗೆ ಒಂದೇ ಪ್ರಶ್ನೆಯಂತೆ: "ಅಕ್ಕನ ಮಗಳನ್ನ ಬಿಟ್ಟು ಹೊರಗ್ಯಾಕ ಬಂದಿ? ಅಕಿದೇನಾರ ಐಬೈತೇನು, ನಿಂದೈತೇನು?" ಕೊನೆಗೆ ಯಾರೋ ಹೆಣ್ಣು ಕೊಟ್ಟರು. ಅತ್ತೆ ಕೆಟ್ಟವಳಲ್ಲ. ಆದರೆ ನಾನು ಹೋದಾಗ ಅವಳು ಅಡುಗೆಗೂ ಏಳದೆ ನಮ್ಮಿಬ್ಬರ ನಡುವೆಯೇ ಕೂರುತ್ತಾಳೆ. ಮಾಮಾ ಗೋಡೆ ನೋಡುತ್ತಾನೆ. ಹೋಗುವುದನ್ನು ಬಿಟ್ಟೆ. ಹಬ್ಬ ಬಂದರೆ ಹಾಸ್ಟೆಲಿನವರೆಲ್ಲ ಊರಿಗೆ ಹೊರಡುತ್ತಾರೆ, ನನಗೆ ಹೋಗಲು ಯಾವ ಮನೆಯೂ ಇಲ್ಲ. ಮಾಮಾ ಇದ್ದೂ ನಾನು ಅನಾಥೆ.

ಹೋದ ತಿಂಗಳು ಹೂಡಿಯ ಒಂದು ಆಫೀಸಿನಲ್ಲಿ ನನಗೆ ಕೆಲಸವಾಯಿತು. ಹೇಳಲು ಇನ್ಯಾರಿದ್ದಾರೆ? ಅವನಿಗೇ ಫೋನ್ ಮಾಡಿದೆ.

"ಮಾಮಾ, ನಂಗ ಕೆಲಸ ಸಿಕ್ಕೈತಿ."

"ಚಲೋ ಆತು. ತಡಿ, ನಿಮ್ಮತ್ತಿಗೆ ಕೊಡ್ತೀನಿ," ಅಂದ.

ಅತ್ತೆ ಯಾವ ಆಫೀಸು, ಎಷ್ಟು ದೂರ ಎಂದೆಲ್ಲ ವಿಚಾರಿಸಿದಳು. ಅವಳ ಹಿಂದಿನಿಂದ ಅವನ ದನಿ ಮೆಲ್ಲಗೆ ಕೇಳಿಸಿತು: "ಉಂಡಾಳೇನು ಕೇಳು."

ಅತ್ತೆ ಅದೊಂದನ್ನು ವಿಚಾರಿಸದೆ ಫೋನ್ ಇಟ್ಟಳು.