ತಾಯಿಗೆ ಕೇಳಿಸದ ಮಗಳು

೨೦೨೩ನೆಯ ಇಸವಿಯ ಆಗಸ್ಟ್ ತಿಂಗಳು. ನನಗಾಗ ಐವತ್ತಾರು ವರ್ಷ. ಪುಣೆಯ ಶಾಲೆಯೊಂದರಲ್ಲಿ ಕನ್ನಡ ಕಲಿಸುವ ಕೆಲಸದಿಂದ ಸ್ವಯಂನಿವೃತ್ತಿ ಪಡೆದು ಎರಡು ವರ್ಷಗಳಾಗಿದ್ದವು. ನನ್ನ ಹಳೆಯ ವಿದ್ಯಾರ್ಥಿನಿ ಸುನಂದಾ ಹದಿನಾಲ್ಕು ವರ್ಷಗಳಿಂದ ಸಣ್ಣ ಬಂಡವಾಳದ ಮರಾಠಿ ಚಿತ್ರಗಳಲ್ಲಿ ನಟಿಸುತ್ತಿದ್ದಳು. ಅವು ಚಿತ್ರೋತ್ಸವಗಳಲ್ಲಿ ಒಂದೆರಡು ಬಾರಿ ಪ್ರದರ್ಶನಗೊಂಡು ಮರೆಯಾಗುತ್ತಿದ್ದವು. ಆ ವರ್ಷ ಮೊದಲ ಬಾರಿಗೆ ಅವಳು ಕನ್ನಡ ಚಿತ್ರವೊಂದರ ಮುಖ್ಯ ಪಾತ್ರ ಮಾಡಿದ್ದಳು.

ಮೊದಲ ಪ್ರದರ್ಶನ ಪುಣೆಯ ಸದಾಶಿವ ಪೇಠದ ಒಂದು ಚಿಕ್ಕ ಸಭಾಂಗಣದಲ್ಲಿ ಏರ್ಪಾಡಾಗಿತ್ತು. ಸುನಂದಾಳ ತಾಯಿ ಗಂಗಾಬಾಯಿಯವರು ಹೊಸ ಇಳಕಲ್ ಸೀರೆ ಉಟ್ಟು ನನ್ನ ಪಕ್ಕದಲ್ಲಿ ಕುಳಿತಿದ್ದರು. ಸಕ್ಕರೆ ಕಾಯಿಲೆಯಿಂದ ಅವರ ದೃಷ್ಟಿ ಪೂರ್ತಿ ಹೋಗಿತ್ತು, ಮರಾಠಿಯೂ ಅರೆಬರೆ.

"ಈ ಸಲ ಎಲ್ಲಾ ತಿಳೀತದ್ರಿ ಸರ್. ಮಗಳು ನಮ್ಮ ಮಾತಿನ್ಯಾಗ ಮಾತಾಡ್ಯಾಳ" ಎಂದರು.

ಚಿತ್ರ ಆರಂಭವಾಗಿ ಹತ್ತು ನಿಮಿಷಗಳಾದ ಮೇಲೆ ಅವರು ನನ್ನ ತೋಳು ಹಿಡಿದು ಕೇಳಿದರು: "ಸುನಂದಾ ಇನ್ನೂ ಬಂದಿಲ್ಲೇನ್ರಿ?"

ಪರದೆಯ ತುಂಬ ಸುನಂದಾಳೇ ಇದ್ದಳು. ಆದರೆ ಕೇಳಿಸುತ್ತಿದ್ದುದು ಯಾವುದೋ ತರುಣಿಯ ಸಪೂರ ದನಿ. ಸುನಂದಾಳಿಗೆ ತಿಳಿಸದೆಯೇ ಬೆಂಗಳೂರಿನಲ್ಲಿ ಬೇರೊಬ್ಬರಿಂದ ಡಬ್ಬಿಂಗ್ ಮಾಡಿಸಿದ್ದರು. "ಈಗ ಬರ್ತಾಳ್ರಿ" ಎಂದು ನಾನು ಸುಳ್ಳು ಹೇಳಿದೆ. ಚಿತ್ರ ಮುಗಿಯುವವರೆಗೂ ಆ ತಾಯಿ ಕತ್ತು ಮುಂದೆ ಚಾಚಿ ಕಾಯುತ್ತಲೇ ಇದ್ದರು.

ದೀಪ ಹತ್ತಿದೊಡನೆ ನಿರ್ದೇಶಕನನ್ನು ತಡೆದು ನಿಲ್ಲಿಸಿದೆ.

"ಅವರ ವಾಯ್ಸ್ ದಪ್ಪ ಸರ್, ಹೀರೋಯಿನ್‌ಗೆ ಸೂಟ್ ಆಗಲ್ಲ. ಇದೆಲ್ಲಾ ಎಲ್ಲಾ ಕಡೆ ನಡೆಯೋದೇ" ಎಂದು ನಕ್ಕ.

"ಎಲ್ಲಾ ಕಡೆ ನಡದ್ರ ಸರಿ ಆಗ್ತದೇನು? ಅಲ್ಲಿ ಕೂತಾರಲ್ಲ, ಅವರ ಮುಂದ ಹೋಗಿ ಹೇಳು, ಮಗಳ ದನಿ ಎಲ್ಲಿ ಒಗದಿ ಅಂತ!" ತರಗತಿಯಲ್ಲಿ ಎಂದೂ ಎತ್ತದ ಸ್ವರವನ್ನು ಅಂದು ಎತ್ತಿದೆ.

ಮುಂದಿನ ಸಾಲಿನಿಂದ ಎದ್ದು ಬಂದ ಸುನಂದಾ ಕೂಗಲಿಲ್ಲ. "ದನಿ ತಗದೀರಿ, ಇನ್ನ ಮುಖಾನೂ ತಗದುಬಿಡ್ರಿ. ನಾ ಯಾವ ಉತ್ಸವಕ್ಕೂ ಬರಂಗಿಲ್ಲ" ಎಂದಷ್ಟೇ ಹೇಳಿ, ತಾಯಿಯ ಕೈ ಹಿಡಿದು ಹೊರಟಳು.

ಸುನಂದಾ ಜಗಳಗಂಟಿ ಎಂಬ ಮಾತು ಹಬ್ಬಿತು. ಏಳು ತಿಂಗಳು ಅವಳನ್ನು ಯಾರೂ ಪಾತ್ರಕ್ಕೆ ಕರೆಯಲಿಲ್ಲ. ಕೊನೆಗೆ ಚಿತ್ರೋತ್ಸವವೊಂದು, ಕಲಾವಿದರ ಸ್ವಂತ ದನಿಯಿಲ್ಲದ ಚಿತ್ರ ತಮಗೆ ಬೇಡವೆಂದು ಹಿಂದಿರುಗಿಸಿದಾಗ, ಚಿತ್ರೀಕರಣದ ವೇಳೆ ಧ್ವನಿಮುದ್ರಿಸಿದ್ದ ಅವಳ ಮಾತುಗಳನ್ನೇ ನಿರ್ದೇಶಕ ಮರಳಿ ಸೇರಿಸಿದ. ನ್ಯಾಯಕ್ಕಾಗಿ ಅಲ್ಲ, ತನ್ನ ಅನುಕೂಲಕ್ಕಾಗಿ. ಕ್ಷಮೆಯನ್ನಂತೂ ಕೇಳಲಿಲ್ಲ. ನನ್ನ ಸಿಟ್ಟು ಇಂದಿಗೂ ಆರಿಲ್ಲ.

ಅದೇ ಸಭಾಂಗಣದಲ್ಲಿ ಮತ್ತೊಮ್ಮೆ ಪ್ರದರ್ಶನವಾಯಿತು. ಮೊದಲ ಮಾತು ಕೇಳಿದೊಡನೆಯೇ ಗಂಗಾಬಾಯಿಯವರು ನನ್ನ ತೋಳನ್ನು ಗಟ್ಟಿಯಾಗಿ ಅದುಮಿದರು.

"ಬಂದ್ಲು ನೋಡ್ರಿ ಸರ್!"

ಅಂದು ೨೦೨೪ನೆಯ ಮಾರ್ಚ್ ೧೭, ರವಿವಾರ.