ನಾನು ಗುಡಿಸಿದ ಪಡಸಾಲೆ

ಮೊಳಕಾಲ್ಮೂರಿನ ಆ ಬಾಡಿಗೆ ಮನೆಯಲ್ಲಿ ನಾವು ಮೂವರು ಹೆಂಗಸರಿದ್ದೆವು. ಕಾಲೇಜಿನಲ್ಲಿ ಪಾಠ ಮಾಡಲು ಚಳ್ಳಕೆರೆಯಿಂದ ಬಂದ ನಾನು, ಪೆಟ್ರೋಲ್ ಬಂಕಿನಲ್ಲಿ ಕೆಲಸ ಮಾಡುವ ಒಬ್ಬ ಹುಡುಗಿ, ಪಡಸಾಲೆಯಲ್ಲಿ ಮಗ್ಗ ಇಟ್ಟುಕೊಂಡು ರೇಷ್ಮೆ ಸೀರೆ ನೇಯುವ ವಯಸ್ಸಾದ ಅಮ್ಮ. ಮನೆಯ ಯಜಮಾನಿಕೆಯನ್ನು ನಾನೇ ಮೈಮೇಲೆ ಎಳೆದುಕೊಂಡಿದ್ದೆ. ನೀರು, ಪಾತ್ರೆ, ಕಸ, ಎಲ್ಲಕ್ಕೂ ಪಾಳಿ ಬರೆದು ಅಡುಗೆಮನೆ ಬಾಗಿಲಿಗೆ ಅಂಟಿಸಿದ್ದೆ. ಯಾರಾದರೂ ತಪ್ಪಿಸಿದರೆ ಮೈಯೆಲ್ಲ ಉರಿಯುತ್ತಿತ್ತು.

ಅಮ್ಮನ ಕಣ್ಣು ಮಂಜಾಗಿತ್ತು. ಅದು ಗೊತ್ತಿದ್ದದ್ದು ನನಗೂ ಹುಡುಗಿಗೂ ಮಾತ್ರ. "ಸಾವ್ಕಾರ್ರಿಗೆ ತಿಳಿದ್ರೆ ನೂಲು ಕೊಡಲ್ಲ, ಬಾಯಿ ಬಿಡಬ್ಯಾಡ್ರಮ್ಮ. ಮಗ್ಗ ಹೋದ್ರೆ ಮಗಳ ಮನೇಲಿ ಮೂಲೆ ಹಿಡಿಬೇಕು ನಾನು," ಎಂದು ಕೈ ಹಿಡಿದು ಹೇಳಿದ್ದರು.

ಆ ಶನಿವಾರ ಪಡಸಾಲೆ ಗುಡಿಸುವ ಪಾಳಿ ಅವರದು. ಸೀರೆ ಮುಗಿಸಿ ಕೊಟ್ಟವರೇ, ಮಗಳಿಗೆ ಜ್ವರವೆಂದು ರಾಂಪುರಕ್ಕೆ ಹೋಗಿಬಿಟ್ಟಿದ್ದರು. ಸಿಟ್ಟಿನಲ್ಲೇ ಪೊರಕೆ ಹಿಡಿದೆ. ಖಾಲಿ ಮಗ್ಗದಲ್ಲಿ ಬಾಚಣಿಗೆಯಂತೆ ಸಂದಿಗಳಿರುವ ಅಚ್ಚಿನಿಂದ ಮೊಳದುದ್ದದ ಎಳೆಗಳು ಧೂಳು ಹಿಡಿದು ಜೋತಾಡುತ್ತಿದ್ದವು.

"ಅಕ್ಕಾ, ಅದನ್ನ ಮುಟ್ಟಬ್ಯಾಡ. ಅವ್ರು ಬಂದ್ಮೇಲೆ ಕೇಳಾನ," ಎಂದಳು ಹುಡುಗಿ.

"ಸೀರೆ ಮುಗಿದ್ಮೇಲೂ ಈ ಕಸ ಯಾಕೆ? ನೀನು ಸುಮ್ನಿರೇ," ಎಂದು ಗದರಿ, ಎಲ್ಲವನ್ನೂ ಕತ್ತರಿಸಿ, ಅಚ್ಚಿನ ಸಂದಿಗಳಲ್ಲಿ ಉಳಿದದ್ದನ್ನೂ ಎಳೆದು ಹಾಕಿದೆ. ಮಗ್ಗವನ್ನು ಒರೆಸಿಯೂ ಇಟ್ಟೆ. ಥೂ, ಎಂಥ ಹೆಮ್ಮೆ ನನಗೆ ಅವತ್ತು!

ಸೋಮವಾರ ಸಾಹುಕಾರರಿಂದ ಹೊಸ ನೂಲು ಹಿಡಿದು ಬಂದ ಅಮ್ಮ ಮಗ್ಗದ ಮುಂದೆ ಕೂತು ಅಚ್ಚಿನ ಮೇಲೆ ಬೆರಳಾಡಿಸಿದರು. ಮತ್ತೊಮ್ಮೆ ಆಡಿಸಿದರು. "ಅಯ್ಯೋ ದೇವುಡಾ, ಎಳೆ ಎಲ್ಲಿ?"

ಹಳೆಯ ಎಳೆಯ ತುದಿಗೆ ಹೊಸ ಎಳೆಯನ್ನು ಹೊಸೆದು ಎಳೆದರೆ ಅದು ತಾನಾಗಿ ಅಚ್ಚಿನೊಳಗೆ ಹಾಯ್ದು ಬರುತ್ತದಂತೆ. ಅದಕ್ಕೆ ಕಣ್ಣು ಬೇಡ, ಬೆರಳು ಸಾಕು. ಹಳೆಯದೇ ಇಲ್ಲವೆಂದರೆ ಸಾವಿರಾರು ಎಳೆಗಳನ್ನು ಒಂದೊಂದಾಗಿ ಸಂದಿಗೆ ಪೋಣಿಸಬೇಕು. ಇದೆಲ್ಲ ಅವರು ಹೇಳಿದ ಮೇಲೆ ತಿಳಿದದ್ದು. ಮಗ್ಗದ ಪಕ್ಕದಲ್ಲೇ ಅಷ್ಟು ದಿನ ಉಂಡು ಮಲಗಿದವಳು, ಒಂದು ದಿನವೂ ಕೇಳಿರಲಿಲ್ಲ.

ನಾನೂ ಹುಡುಗಿಯೂ ಎರಡು ದಿನ ಕೂತು ಪೋಣಿಸಿದೆವು. ಎಲ್ಲ ಅಡ್ಡಾದಿಡ್ಡಿ. ಮೂರನೆಯ ದಿನ ಸಾಹುಕಾರರೇ ಬಂದರು.

"ಏನಮ್ಮಾ, ಇದು ನೀನು ಪೋಣಿಸಿದ್ದಾ?" ಎಂದು ಕೇಳಿ, ಒಂದು ಎಳೆಯನ್ನು ಅಮ್ಮನ ಕೈಗೆ ಕೊಟ್ಟರು. "ಎಲ್ಲಿ, ಇದೊಂದು ಹಾಕು."

ಅಮ್ಮ ಸಂದಿಗಾಗಿ ತಡಕಾಡಿದರು. ಸಿಗಲಿಲ್ಲ. ತಪ್ಪು ನನ್ನದೆಂದು ನಾನು ಕೂಗಾಡಿದೆ, ಸಾಹುಕಾರರು ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಹೊಸ ನೂಲನ್ನು ಸುತ್ತಿಕೊಂಡು ಹೊರಟುಹೋದರು.

ರಾಂಪುರದ ಬಸ್ಸಿಗೆ ಅಮ್ಮನ ಚೀಲ ಹೊತ್ತುಕೊಂಡು ನಾನೇ ಹೋದೆ. "ತಪ್ಪಾಯ್ತಮ್ಮ," ಎಂದು ಅತ್ತುಬಿಟ್ಟೆ.

"ಅಳಬ್ಯಾಡ. ನೀನು ಕತ್ತರಿಸದಿದ್ರೂ ಈ ಕಣ್ಣಾಗೆ ಇನ್ನೊಂದು ವರ್ಷ ನೇಯ್ತಿದ್ದೆ, ಅಷ್ಟೇ," ಎಂದರು. ಬಸ್ಸಿನ ಮೆಟ್ಟಿಲ ಮೇಲೆ ಕಾಲಿಟ್ಟವರು ತಿರುಗಿದರು. "ಆದ್ರೆ ಆ ಒಂದು ವರ್ಷ ನಂದಾಗಿತ್ತು ಕಣಮ್ಮ."