ಕಲೆಕ್ಟರನ ಮೌನ

ಸ್ಕಾರ್‌ಬರೋದ ನಮ್ಮ ಬೇಸ್‌ಮೆಂಟಿನಲ್ಲಿ ಬಾಡಿಗೆಗಿದ್ದವರು ಫ್ರಾನ್ಸಿನ ಕಲಾತ್ಮಕ ಚಿತ್ರಗಳ ನಟ. ಇಪ್ಪತ್ತು ವರ್ಷ ಕಿಟಕಿಯಾಚೆ ನೋಡುತ್ತಲೇ ಹೆಸರು ಮಾಡಿದ್ದರಂತೆ. ಕಸ ಹೊರಗಿಟ್ಟಿರಾ ಎಂದು ಕೇಳಿದರೂ ಗಲ್ಲ ಸವರಿಕೊಂಡು, "ಮೊದಲು ಮೌನ, ಆಮೇಲೆ ಮಾತು" ಎಂದು ಇಂಗ್ಲಿಷಿನಲ್ಲಿ ಹೇಳುತ್ತಿದ್ದರು.

ಕನ್ನಡ ಸಂಘದ ನಾಟಕಕ್ಕೊಬ್ಬ ಬ್ರಿಟಿಷ್ ಕಲೆಕ್ಟರ್ ಬೇಕಿತ್ತು. ಬಿಳಿಯರಲ್ಲವೇ ಎಂದು ಇವರನ್ನೇ ಹಿಡಿದೆವು. ಇದ್ದದ್ದು ಒಂದೇ ಮಾತು: "ಇವನನ್ನು ಬಂಧಿಸಿ!"

ರಂಗಕ್ಕೆ ಬಂದವರು ಶೂನ್ಯ ದಿಟ್ಟಿಸುತ್ತ ನಿಂತೇಬಿಟ್ಟರು. ದೇಶಭಕ್ತನ ಪಾತ್ರಧಾರಿ ಕೋಳಕ್ಕೆ ಕೈ ಚಾಚಿ ಕಾದು ಸುಸ್ತಾದ. ಪರದೆಯ ಹಿಂದಿನಿಂದ ನಾನು ಎರಡು ಸಲ ಮಾತು ಹೇಳಿಕೊಟ್ಟೆ.

"ಪಾಪ, ಮರ್ತು ಹೋಯ್ತು ಕಾಣ್ತದೆ. ಅರೆಸ್ಟ್ ಮಾಡಿ ಮಾರಾಯ್ರೆ!" ಎಂದು ಮುಂದಿನ ಸಾಲಿನ ಉಡುಪಿಯ ಆಂಟಿ ಕೂಗಿದರು. ಇಡೀ ಹಾಲ್ ದನಿಗೂಡಿಸಿತು.

ದೃಶ್ಯ ಮುಗಿದು ಒಳಗೆ ಬಂದಾಗ ನಮ್ಮ ಕಲೆಕ್ಟರರ ಕಣ್ಣು ತುಂಬಿತ್ತು. "ನನ್ನ ಮೌನಕ್ಕೆ ಯಾರೂ ಎದ್ದು ಹೋಗದಿದ್ದದ್ದು ಇದೇ ಮೊದಲು," ಎಂದರು.

ಸಂಘದ ಊಟ ನಾಟಕ ಮುಗಿದ ಮೇಲೇ ಎಂದು ನಾನು ಅವರಿಗೆ ಹೇಳಲಿಲ್ಲ.